ಕಿತ್ತಳೆ ಮರದಿಂದ ಬಿದ್ದ ನಟ

ನಾವು ನಾಲ್ಕು ಜನ ಸೇರಿ ಒಂದು ಹಳೆಯ ಮೆಕ್ಸಿಕೋ ಸಿನಿಮಾ ನೋಡಿದೆವು. ಹೆಸರು 'ಮಕಾರಿಯೋ', 1960ರದ್ದು, ಕಪ್ಪು ಬಿಳುಪು. ಸ್ಪ್ಯಾನಿಷ್ ನಮಗೆ ಬರುವುದಿಲ್ಲ. ಕೆಳಗೆ ಬರುವ ಇಂಗ್ಲಿಷ್ ಸಾಲುಗಳನ್ನು ಒಬ್ಬರು ಓದಿ ಹೇಳುತ್ತಿದ್ದರು. ಅರ್ಧ ಗಂಟೆ ಕಳೆದ ಮೇಲೆ ಅದೂ ಬೇಡವಾಯಿತು.

ಕಥೆ ಇಷ್ಟೇ. ಮಕಾರಿಯೋ ಕಾಡಿನಿಂದ ಸೌದೆ ತಂದು ಮಾರುವ ಬಡವ. ಮನೆ ತುಂಬ ಮಕ್ಕಳು, ಯಾವತ್ತೂ ಹೊಟ್ಟೆ ತುಂಬ ಉಂಡವನಲ್ಲ. ಒಂದು ಇಡೀ ಟರ್ಕಿ ಕೋಳಿಯನ್ನು ಯಾರಿಗೂ ಕೊಡದೆ ತಾನೊಬ್ಬನೇ ತಿನ್ನಬೇಕು ಅನ್ನುವುದು ಅವನ ಆಸೆ. ಹೆಂಡತಿ ಕದ್ದು ತಂದು ಬೇಯಿಸಿ ಕೊಡುತ್ತಾಳೆ. ಕಾಡಿಗೆ ಹೋಗಿ ಬಿಚ್ಚಿದರೆ ಸೈತಾನ ಬಂದು ಪಾಲು ಕೇಳುತ್ತಾನೆ, ಆಮೇಲೆ ದೇವರು ಕೇಳುತ್ತಾನೆ. ಇಬ್ಬರಿಗೂ ಇಲ್ಲ ಅನ್ನುತ್ತಾನೆ. ಮೂರನೆಯದಾಗಿ ಸಾವು ಬಂದಾಗ ಮಾತ್ರ ಅರ್ಧ ಕೊಡುತ್ತಾನೆ. ಸಾವು ಉಣ್ಣುವಷ್ಟು ಹೊತ್ತಾದರೂ ತಾನು ಬದುಕಿರಬಹುದಲ್ಲ ಅನ್ನುವ ಲೆಕ್ಕ ಅವನದು.

ಆಸ್ಕರ್‌ನ ವಿದೇಶಿ ಸಿನಿಮಾ ವಿಭಾಗಕ್ಕೆ ನಾಮನಿರ್ದೇಶನವಾದ ಮೊದಲ ಮೆಕ್ಸಿಕನ್ ಚಿತ್ರ ಇದು. ಮಕಾರಿಯೋ ಆಗಿ ನಟಿಸಿದವರು ಇಗ್ನಾಸಿಯೋ ಲೋಪೆಸ್ ತಾರ್ಸೋ. ಅನ್ನದ ಮುಂದೆ ಕೂತು ಅವರು ನೋಡುವ ನೋಟ ಬರೀ ನಟನೆ ಅನಿಸಲಿಲ್ಲ. ಯಾರಪ್ಪ ಇವರು ಅಂತ ಹುಡುಕಿದೆವು.

ಹುಟ್ಟಿದ್ದು 1925ರಲ್ಲಿ, ಮೆಕ್ಸಿಕೋ ನಗರದಲ್ಲಿ. ಚಿಕ್ಕಂದಿನಲ್ಲಿ ಊರೂರು ತಿರುಗುವ ಟೆಂಟು ನಾಟಕ ನೋಡಿ ಮರುಳಾಗಿದ್ದರು. ಮನೆಯಲ್ಲಿ ಓದಿಸಲು ದುಡ್ಡಿರಲಿಲ್ಲ, ಹಾಗಾಗಿ ಪಾದ್ರಿಗಳನ್ನು ತಯಾರು ಮಾಡುವ ಶಾಲೆ ಸೇರಿದರು. ಪಾದ್ರಿಯಾಗಲಿಲ್ಲ. ಆಗ ಮೆಕ್ಸಿಕೋದ ಬಡವರು ಕೂಲಿಗೆ ಅಮೆರಿಕಕ್ಕೆ ಗುಳೆ ಹೋಗುತ್ತಿದ್ದರು, ಇವರೂ ಹೋದರು. ಕ್ಯಾಲಿಫೋರ್ನಿಯಾದಲ್ಲಿ ಕಿತ್ತಳೆ ಕೀಳುವಾಗ ಮರದಿಂದ ಬಿದ್ದು ಬೆನ್ನುಮೂಳೆಗೆ ಪೆಟ್ಟಾಯಿತು. ಊರಿಗೆ ವಾಪಸಾಗಿ ಬಹಳ ಕಾಲ ಹಾಸಿಗೆ ಹಿಡಿದರು. ಚೇತರಿಸಿಕೊಂಡ ಮೇಲೆ ಸೇರಿದ್ದು ನಾಟಕ ಶಾಲೆಗೆ.

ಮುಂದೆ ಅವರು ನಿಲ್ಲಲೇ ಇಲ್ಲ. 1963ರ 'ಕಾಗದದ ಮನುಷ್ಯ' ಅನ್ನುವ ಚಿತ್ರದಲ್ಲಿ ಕಸ ಆಯುವ ಮೂಗ. ಅವನಿಗೆ ದೊಡ್ಡ ಮೊತ್ತದ ಒಂದು ನೋಟು ಸಿಗುತ್ತದೆ. ಇಡೀ ಪಾತ್ರಕ್ಕೆ ಒಂದು ಮಾತೂ ಇಲ್ಲ. ಆಮೇಲೆ ಟಿವಿ ಧಾರಾವಾಹಿಗಳು: 1981ರ 'ಎಲ್ ದೆರೆಚೊ ದೆ ನಾಸೆರ್', 1997ರ 'ಎಸ್ಮೆರಾಲ್ಡಾ', ಇನ್ನೂ ಎಷ್ಟೋ. ಮೊದಲು ಅಪ್ಪನ ಪಾತ್ರ, ವಯಸ್ಸಾದಂತೆ ಅಜ್ಜನ ಪಾತ್ರ. ನಟರ ಸಂಘವನ್ನೂ ನಡೆಸಿದರು, 1988ರಿಂದ 1991ರವರೆಗೆ ಸಂಸತ್ತಿನಲ್ಲೂ ಕೂತರು. ತೊಂಬತ್ತು ದಾಟಿದರೂ ರಂಗ ಬಿಡಲಿಲ್ಲ. ನಟನೇ ಆದ ಮಗನ ಜೊತೆಗೂ ನಾಟಕ ಆಡಿದರು. 2023ರ ಮಾರ್ಚ್ 11ರಂದು ತೀರಿಕೊಂಡಾಗ ವಯಸ್ಸು 98.

ಇಷ್ಟೆಲ್ಲ ಓದಿದರೂ ನಮ್ಮ ಮನಸ್ಸು ಕಿತ್ತಳೆ ಮರದ ಹತ್ತಿರವೇ ನಿಂತಿತು. ಯಾಕೆಂದರೆ ನಾವು ಸುದ್ದಿ ಬರೆಯುವವರು. ಅಂಥ ಸುದ್ದಿ ನಾವೂ ಬರೆದಿದ್ದೇವೆ. 'ಅಡಿಕೆ ಮರದಿಂದ ಬಿದ್ದು ಕೂಲಿ ಕಾರ್ಮಿಕನಿಗೆ ಗಾಯ.' ನಾಲ್ಕು ಸಾಲು. ಹೆಸರು, ವಯಸ್ಸು, ಆಸ್ಪತ್ರೆಗೆ ಸೇರಿಸಲಾಗಿದೆ, ಅಲ್ಲಿಗೆ ಮುಗಿಯಿತು. ಆ ಮನುಷ್ಯ ಮತ್ತೆ ಎದ್ದು ಓಡಾಡುತ್ತಾರಾ, ಮನೆ ಹೇಗೆ ನಡೆಯುತ್ತಿದೆ, ಮಲಗಿದಲ್ಲೇ ಏನು ಯೋಚಿಸುತ್ತಾರೆ, ನಾವು ಕೇಳಿಲ್ಲ.

ಲೋಪೆಸ್ ತಾರ್ಸೋ ಬಿದ್ದ ದಿನವೇ ಯಾರಾದರೂ ಸುದ್ದಿ ಬರೆದಿದ್ದರೆ ಅವರೂ ಒಬ್ಬ ಕೂಲಿಯವರು, ಅಷ್ಟೇ. ಎಲ್ಲರೂ ಎದ್ದು ನಟರಾಗುವುದಿಲ್ಲ, ನಮಗೆ ಗೊತ್ತು. ಬಹಳಷ್ಟು ಜನ ಏಳುವುದೇ ಇಲ್ಲ. ಅವರ ಕಥೆ ನಾಲ್ಕು ಸಾಲಿಗೆ ನಿಲ್ಲಬಾರದು ಅನ್ನುವುದಕ್ಕೆ ಅದೇ ಕಾರಣ ಸಾಕು.

ಹಳೆಯ ಡೈರಿ ತೆಗೆದು ಆ ಅಡಿಕೆ ಕೊಯ್ಲಿನವರ ನಂಬರ್ ಹುಡುಕಿದ್ದೇವೆ. ಫೋನ್ ಎತ್ತಿದ್ದು ಅವರ ಹೆಂಡತಿ. ಭಾನುವಾರ ಬನ್ನಿ ಅಂದರು. ಹೋಗುತ್ತಿದ್ದೇವೆ.