ನಕಲಿ ಪೆಟ್ಟಿಗೆಯ ಆಟ

ಮೂವತ್ತು ವರ್ಷಗಳ ಹಿಂದೆ ನಮ್ಮ ರಾಜಾಜಿನಗರದ ಅಡ್ಡರಸ್ತೆಯಲ್ಲೊಂದು ವೀಡಿಯೋ ಗೇಮ್ ಅಂಗಡಿಯಿದ್ದಿತು. ಆಳೆತ್ತರದ ನಾಲ್ಕು ಪೆಟ್ಟಿಗೆಗಳು. ಒಂದು ರೂಪಾಯಿಯ ನಾಣ್ಯ ಹಾಕಿದರೆ ಒಂದಾಟ. ಹಿರಿಯರ ಎಣಿಕೆಯಲ್ಲಿ ಅದು ಮಕ್ಕಳು ಕೆಡುವ ಸ್ಥಳ. ಅಲ್ಲಿದ್ದ ‘ಸ್ಟ್ರೀಟ್ ಫೈಟರ್’ ಪೆಟ್ಟಿಗೆಯಲ್ಲಿ ಒಂದು ವೈಚಿತ್ರ್ಯವಿದ್ದಿತು: ಗುಂಡಿಯೊಂದನ್ನು ಒತ್ತಿದೊಡನೆ ಮಲ್ಲನು ನಡುಕಾಳಗದಲ್ಲಿಯೇ ಬೇರೊಬ್ಬ ಮಲ್ಲನಾಗುತ್ತಿದ್ದನು, ನೆಗೆದವನು ಆಕಾಶದಲ್ಲಿಯೇ ಬೆಂಕಿಯುಂಡೆಗಳನ್ನೆಸೆಯುತ್ತಿದ್ದನು. 1992ರಲ್ಲಿ ಜಪಾನಿನ ಕ್ಯಾಪ್‌ಕಾಮ್ ಸಂಸ್ಥೆಯವರು ಹೊರತಂದ ಚಾಂಪಿಯನ್ ಎಡಿಷನ್ ಆಟದಲ್ಲಿ ಇದಾವುದೂ ಇರಲಿಲ್ಲ. ಅದನ್ನು ತಿದ್ದಿ ಗುಟ್ಟಾಗಿ ಮಾರಿದ ನಕಲಿ ಹಲಗೆಯ ಮಹಿಮೆಯದು.

ಅಂಗಡಿ ಮುಚ್ಚಿತು; ಪೆಟ್ಟಿಗೆಗಳು ಗುಜರಿಗೆ ಸಂದುವು. ಆಟ ಮಾತ್ರ ಅಳಿಯಲಿಲ್ಲ. 1997ರ ಫೆಬ್ರವರಿಯಲ್ಲಿ ಇಟಲಿಯ ನಿಕೋಲಾ ಸಾಲ್ಮೋರಿಯಾ ಎಂಬವರು ‘ಮೇಮ್’ ಎಂಬ ತಂತ್ರಾಂಶವನ್ನು ಪ್ರಕಟಿಸಿದರು. ಪೆಟ್ಟಿಗೆಯ ಚಿಪ್ಪುಗಳಲ್ಲಿರುವುದನ್ನು ಇದ್ದುದಿದ್ದಂತೆ ಪ್ರತಿ ತೆಗೆದುಕೊಟ್ಟರೆ, ಮನೆಯ ಕಂಪ್ಯೂಟರು ಆ ಹಳೆಯ ಯಂತ್ರದ ವೇಷವನ್ನು ಧರಿಸಿ ಆಟವನ್ನು ನಡೆಯಿಸುತ್ತದೆ. ಪ್ಯಾಕ್‌ಮ್ಯಾನಿನಿಂದ ಮೊದಲಾದ ಈ ಕಾರ್ಯವು ಈಗ ಸಾವಿರಾರು ಆಟಗಳಿಗೆ ಹಬ್ಬಿದೆ. (ಆಟಗಳ ಹಕ್ಕು ತಯಾರಕರದೇ ಎಂಬುದನ್ನು ಗೃಹಸ್ಥರು ಮರೆಯಲಾಗದು.) ಮುಮ್ಮಡಿ ಕೃಷ್ಣರಾಜ ಒಡೆಯರು ಶ್ರೀತತ್ತ್ವನಿಧಿಯ ಕೌತುಕನಿಧಿಯಲ್ಲಿ ಎಲೆಯಾಟಗಳ ಲಕ್ಷಣಗಳನ್ನು ಬರೆಯಿಸಿಟ್ಟರಲ್ಲವೆ? ಎಲೆಗಳು ಸವೆದರೂ ಆಟ ಉಳಿಯಲೆಂಬ ಆಸೆ ಎರಡರಲ್ಲಿಯೂ ಒಂದೇ.

ಅಷ್ಟು ದೊಡ್ಡ ರಾಶಿಯಲ್ಲಿ ಹುಡುಕುವವರಿಗೆ ತಲೆ ತಿರುಗುವುದು ಸಹಜ. ಆದುದರಿಂದ ಆಯ್ದ ಸಂಗ್ರಹಗಳು ಹುಟ್ಟಿದುವು. 2014ರಲ್ಲಿ ಅಮೆರಿಕದ ಇಂಟರ್ನೆಟ್ ಆರ್ಕೈವ್ ಎಂಬ ಭಂಡಾರವು ಸುಮಾರು 900 ಆಟಗಳನ್ನು ಯಾರಾದರೂ ಆಡುವಂತೆ ತೆರೆದಿಟ್ಟಿತು. ಮನೆಗಾಗಿ ಸಂಗ್ರಹ ಕಟ್ಟುವವರು ಇನ್ನೂ ಬಿಗಿ: ಒಂದಾಟಕ್ಕೆ ಒಂದೇ ಪ್ರತಿಯನ್ನಿರಿಸಿಕೊಂಡು, ಉಳಿದ ರೂಪಾಂತರಗಳನ್ನು, ಎಲ್ಲಕ್ಕೂ ಮೊದಲು ನಕಲಿಗಳನ್ನು, ಅಕ್ಕಿಯಿಂದ ಕಲ್ಲಾರಿಸಿದಂತೆ ತೆಗೆದುಹಾಕುವರು.

ಇದು ನಮಗೆ ಸಮ್ಮತವಲ್ಲ. ವಿಜಯನಗರದಲ್ಲಿರುವ ನಮ್ಮ ತಮ್ಮನು, ಕ್ಯಾಪ್‌ಕಾಮಿನವರೇ 2018ರಲ್ಲಿ ಹೊರತಂದ 12 ಆಟಗಳ ಸಂಗ್ರಹವನ್ನು ಮಗನಿಗೆಂದು ಕೊಂಡುತಂದನು. ಚಿತ್ರ ಸ್ಫುಟ, ಧ್ವನಿ ಶುದ್ಧ; ಮೂಲಕ್ಕೆ ಲೋಪವಿಲ್ಲ. ಹುಡುಗನು ಗುಂಡಿಗಳನ್ನೆಲ್ಲ ಒತ್ತಿನೋಡಿ, “ದೊಡ್ಡಪ್ಪ, ನೀವು ಹೇಳಿದ ಹಾಗೆ ಇವನು ಬೇರೆಯವನಾಗೋದೇ ಇಲ್ಲವಲ್ಲ! ಸುಮ್ಮನೆ ಹೇಳಿದಿರಾ?” ಎಂದನು. ತಯಾರಕರು ತಮ್ಮ ಸಂಗ್ರಹಕ್ಕೆ ನಕಲಿಯನ್ನು ಸೇರಿಸುವುದುಂಟೆ? ಆದರೆ ನಮ್ಮ ಓಣಿಗೆ ಬಂದುದು ಆ ನಕಲಿಯೇ. ಮೂಲವನ್ನು ನಾವು ಕಂಡೇ ಇರಲಿಲ್ಲ.

ಮೇಮಿನವರು ಒಳ್ಳೆಯದು ಕೆಟ್ಟದ್ದೆನ್ನದೆ ಎಲ್ಲವನ್ನೂ ದಾಖಲಿಸಿರುವರು. ಅವರ ಪೂರ್ಣ ಪಟ್ಟಿಯಲ್ಲಿ ‘ರೇನ್‌ಬೋ’ ಎಂಬ ಹೆಸರಿನಿಂದ ಆ ನಕಲಿಗೂ ಒಂದು ಸಾಲುಂಟು. ಅದನ್ನು ತೋರಿಸಿದ ಮೇಲೆಯೇ ಹುಡುಗನು ನಮ್ಮ ಮಾತನ್ನು ನಂಬಿದನು.