ಟೇಪು ಹಿಡಿದು ನಿಂತವರು

ಫಿಲಂ ಸೊಸೈಟಿಯ ಗಡಸು ಕುರ್ಚಿಗಳಲ್ಲಿ ಕೂತು, ಬೆನ್ನ ಹಿಂದೆ ಪ್ರೊಜೆಕ್ಟರಿನ ಗರಗರ ಸದ್ದು ಕೇಳುತ್ತ ಜಪಾನಿ ನಿರ್ದೇಶಕ ಕುರೊಸಾವಾ ಅವರ ಚಿತ್ರಗಳನ್ನು ನೋಡುತ್ತಿದ್ದ ಕಾಲ ಅದು. ‘ಯೋಜಿಂಬೊ’ದ ಧೂಳು ತುಂಬಿದ ಬೀದಿಯಲ್ಲಿ ತೋಶಿರೊ ಮಿಫುನೆ ಭುಜ ಕುಣಿಸುತ್ತ ಬಂದರೆ ನಮಗೆ ಬೇರೇನೂ ಬೇಕಿರಲಿಲ್ಲ. ಕ್ಯಾಮೆರಾದ ಪಕ್ಕ ಉಸಿರು ಬಿಗಿಹಿಡಿದು ಫೋಕಸ್ ತಿರುಗಿಸುತ್ತಿದ್ದ ಹುಡುಗನ ನೆನಪು ಯಾರಿಗೆ ಬಂದೀತು? ಆ ಹುಡುಗ ಕಿಮುರಾ ದೈಸಾಕು.

1958ರಲ್ಲಿ ತೋಹೋ ಸ್ಟುಡಿಯೋದ ಕ್ಯಾಮೆರಾ ವಿಭಾಗಕ್ಕೆ ಸೇರಿದಾಗ ಅವರಿಗಿನ್ನೂ ಇಪ್ಪತ್ತು ತುಂಬಿರಲಿಲ್ಲ. ಆ ವರ್ಷ ಜಪಾನಿನಲ್ಲಿ 112 ಕೋಟಿಗೂ ಮಿಕ್ಕಿ ಟಿಕೆಟ್ ಹರಿದಿದ್ದವು. ಅಂಥ ವರ್ಷ ಮತ್ತೆ ಬರಲಿಲ್ಲ. ಆಗಿನ ಸ್ಟುಡಿಯೋ ಎಂದರೆ ತುಂಬಿದ ಕೂಡುಕುಟುಂಬ. ಹೊಸಬ ಪೆಟ್ಟಿಗೆ ಹೊರಬೇಕು, ಟ್ರೈಪಾಡ್ ಹೊರಬೇಕು, ಟೇಪು ಹಿಡಿದು ಲೆನ್ಸಿನಿಂದ ನಟನವರೆಗಿನ ದೂರ ಅಳೆಯಬೇಕು. ಹೀಗೆ ವರ್ಷಗಟ್ಟಲೆ ಸವೆದ ಮೇಲೆ ಕ್ಯಾಮೆರಾಗೆ ಕಣ್ಣಿಡುವ ಭಾಗ್ಯ. ನಿರ್ದೇಶಕನ ಕುರ್ಚಿಗೆ ಹೋಗುವ ಮೆಟ್ಟಿಲೇ ಬೇರೆ, ಅದು ಸಹಾಯಕ ನಿರ್ದೇಶಕರದು. ‘ರಾಶೊಮೊನ್’ ಚಿತ್ರೀಕರಿಸಿದ ಕಜುವೊ ಮಿಯಾಗಾವಾ ಅಂಥವರೂ ಕೊನೆತನಕ ಕ್ಯಾಮೆರಾದ ಹಿಂದೆಯೇ ಉಳಿದರು. ಆ ಕಟ್ಟುಪಾಡಿನಲ್ಲಿ ಎಷ್ಟು ಆಸೆಗಳು ಕಮರಿದವೋ, ಅದನ್ನೂ ಮರೆಯಬಾರದು.

ಕಿಮುರಾ ಮೊದಲ ಸಲ ನಿರ್ದೇಶಿಸಿದ ಚಿತ್ರ ತೆರೆಕಂಡದ್ದು 2009ರಲ್ಲಿ, ಎಪ್ಪತ್ತರ ಹೊಸ್ತಿಲಲ್ಲಿ. 1907ರಲ್ಲಿ ಭೂಮಾಪನಕ್ಕೆಂದು 2999 ಮೀಟರ್ ಎತ್ತರದ ತ್ಸುರುಗಿ ಪರ್ವತ ಏರಿದವರ ಕಥೆ. ಕ್ಯಾಮೆರಾವನ್ನೂ ತಾವೇ ಹಿಡಿದರು. ಹೆಲಿಕಾಪ್ಟರ್ ಬೇಡ, ಕಂಪ್ಯೂಟರ್ ಸೃಷ್ಟಿಸುವ ಹಿಮ ಬೇಡ ಎಂದು ನಟರನ್ನೂ ತಂಡವನ್ನೂ ನಿಜವಾದ ಬೆಟ್ಟವನ್ನೇ ಹತ್ತಿಸಿದರು. ಪೆಟ್ಟಿಗೆ ಹೊತ್ತು ಬೆಳೆದವರಿಗೆ ಬೇರೆ ದಾರಿ ಒಗ್ಗೀತೇ!

2013ರಲ್ಲಿ ಫ್ಯೂಜಿ ಕಂಪನಿ ಸಿನಿಮಾ ಚಿತ್ರೀಕರಣದ ಫಿಲಂ ತಯಾರಿಸುವುದನ್ನೇ ನಿಲ್ಲಿಸಿತು. ಈಗ ಫೋಕಸ್ಸನ್ನು ಯಂತ್ರವೇ ಹುಡುಕಿಕೊಳ್ಳುತ್ತದೆ. ಹದಿನೆಂಟರ ಹುಡುಗಿಯೊಬ್ಬಳು ಫೋನಿನಲ್ಲೇ ಚಿತ್ರ ತೆಗೆದು ಸಂಜೆಯೊಳಗೆ ಲೋಕಕ್ಕೆ ತೋರಿಸಬಲ್ಲಳು. ಯಾರ ಅಪ್ಪಣೆಗೂ ಕಾಯಬೇಕಿಲ್ಲ. ಆ ಬಾಗಿಲು ತೆರೆದದ್ದು ಒಳ್ಳೆಯದೇ ಆಯಿತು. ಆದರೂ ಹಿರಿಯರೊಬ್ಬರ ಪಕ್ಕ ನಿಂತು, ಮೋಡ ಸರಿಯುವುದನ್ನೇ ಕಾಯುತ್ತ, ಮಾತಿಲ್ಲದೆ ಬೆಳಕನ್ನು ಓದಲು ಕಲಿಯುತ್ತಿದ್ದ ಆ ಉದ್ದನೆಯ ಮಧ್ಯಾಹ್ನಗಳನ್ನು ಅವಳಿಗೆ ನಾವು ಉಳಿಸಲಿಲ್ಲವಲ್ಲ ಎಂದು ಸಂಕಟವಾಗುತ್ತದೆ.

ಕಿಮುರಾ ಅವರ ಆ ಬೆಟ್ಟದ ಚಿತ್ರ ಸಿಕ್ಕರೆ ಕೊನೆಯ ಹೆಸರುಗಳು ಮುಗಿಯುವವರೆಗೂ ಎದ್ದು ಹೋಗಬೇಡಿ. ಸ್ಟುಡಿಯೋ ಸೇರಿ 51 ವರ್ಷಗಳ ಮೇಲೆ ದಕ್ಕಿದ ‘ನಿರ್ದೇಶಕ’ ಎಂಬ ಪದವಿಯನ್ನು ಕಿಮುರಾ ಅಲ್ಲಿ ಹಾಕಿಕೊಂಡಿಲ್ಲ. ನಟ, ಛಾಯಾಗ್ರಾಹಕ, ಸಹಾಯಕ ಎಂಬ ಭೇದವೂ ಇಲ್ಲ. ‘ಸಂಗಾತಿಗಳು’ ಎಂದಷ್ಟೇ ಬರೆದು, ಕೆಳಗೆ ಎಲ್ಲರ ಹೆಸರನ್ನೂ ಸಾಲಾಗಿ ಕೊಟ್ಟಿದ್ದಾರೆ.