ಪುಟ್ಟೇನಹಳ್ಳಿ ಕೆರೆಯ ನೆಂಟರು

ಹಾರಲಾರದ ಹಕ್ಕಿ ಎಂದೊಡನೆ ಉಷ್ಟ್ರಪಕ್ಷಿ, ಎಮು, ಪೆಂಗ್ವಿನ್ ನೆನಪಾಗುತ್ತವೆ. ಅವೆಲ್ಲ ಮೃಗಾಲಯದ ಬೇಲಿಯಾಚೆಗಿನ ಅಥವಾ ಕಡಲಾಚೆಗಿನ ಸಂಗತಿ ಎಂದುಕೊಳ್ಳುತ್ತೇವೆ. ಆದರೆ ಅಂಥ ಹಕ್ಕಿಗಳ ನೆಂಟರು ನಮ್ಮ ಜೆ.ಪಿ. ನಗರದಲ್ಲೇ ಇದ್ದಾರೆ.

ಪುಟ್ಟೇನಹಳ್ಳಿ ಕೆರೆ ಸುತ್ತಲಿನ ನಿವಾಸಿಗಳು 2010ರಲ್ಲಿ ಟ್ರಸ್ಟ್ ಕಟ್ಟಿಕೊಂಡು ಉಳಿಸಿಕೊಂಡ ಕೆರೆ. ಅದರ ಅಂಚಿನಲ್ಲಿ ನೇರಳೆ ಜಂಬುಕೋಳಿ ಮೇಯುವುದನ್ನು ನೋಡುತ್ತಾ ನಿಂತರೆ ನನಗೆ ಹೊತ್ತು ಹೋದದ್ದೇ ತಿಳಿಯುವುದಿಲ್ಲ. ಮೈಯೆಲ್ಲ ನೀಲಿ-ನೇರಳೆ, ಕೊಕ್ಕು ಹಣೆ ಕೆಂಪು. ಎಳೆ ದಂಟೊಂದನ್ನು ಕಿತ್ತು, ಉದ್ದ ಬೆರಳುಗಳ ಕಾಲಿನಲ್ಲಿ ಹಿಡಿದೆತ್ತಿ, ಒಂಟಿಕಾಲಲ್ಲಿ ನಿಂತು ತಿರುಳನ್ನು ಸಾವಧಾನವಾಗಿ ತಿನ್ನುತ್ತದೆ. ಯಾರಾದರೂ ಸಮೀಪಿಸಿದರೆ ಬಾಲದಡಿಯ ಬಿಳಿ ತೋರಿಸುತ್ತಾ ಜೊಂಡಿನೊಳಗೆ ನಡೆದುಬಿಡುತ್ತದೆ. ಹಾರಲೇಬೇಕಾಗಿ ಬಂದರೆ ಕಾಲು ಇಳಿಬಿಟ್ಟುಕೊಂಡು ತುಸು ದೂರ, ಅಷ್ಟೆ.

ಇದೇ ಬಳಗದ ಹಕ್ಕಿಗಳು ಬಹಳ ಹಿಂದೆ ನ್ಯೂಜಿಲೆಂಡ್ ಸೇರಿದವು. ಅಲ್ಲಿ ನೆಲದ ಮೇಲೆ ಬೇಟೆಯಾಡುವ ಸಸ್ತನಿಗಳೇ ಇರಲಿಲ್ಲ. ಹಾರಾಟ ದುಬಾರಿ ಬಾಬತ್ತು: ಎದೆಯ ದೊಡ್ಡ ಸ್ನಾಯು, ಅದಕ್ಕೆ ಆಧಾರವಾಗಿ ಎದೆಮೂಳೆಯ ಎತ್ತರದ ಏಣು, ಇಷ್ಟನ್ನೂ ಸಾಕಲು ದಿನವೂ ಹೊಟ್ಟೆತುಂಬ ಮೇವು. ಬೇಡದ ಕಡೆ ಆ ಖರ್ಚು ಯಾಕೆ? ತಲೆಮಾರುಗಳು ಕಳೆದಂತೆ ರೆಕ್ಕೆ ಕುಗ್ಗಿತು, ಕಾಲು ದಪ್ಪವಾಯಿತು, ಮೂರು ಕಿಲೋದವರೆಗೂ ತೂಗುವ ಟಕಾಹೆ ಆಯಿತು. ಅದು ಕೂಡ ಹುಲ್ಲಿನ ದಂಟನ್ನು ಕಾಲಲ್ಲೇ ಹಿಡಿದು ತಿನ್ನುತ್ತದೆ.

ಮಾರಿಷಸ್‌ನ ಡೋಡೋ ಕೂಡ ಹೀಗೆಯೇ; ಜಯನಗರದ ಬಾಲ್ಕನಿಗಳಿಗೆ ಬಲೆ ಕಟ್ಟಿ ನಾವು ದೂರವಿಡುವ ಪಾರಿವಾಳದ ಕುಲದ್ದು. ಈಗ ಬದುಕಿರುವವುಗಳಲ್ಲಿ ಅದಕ್ಕೆ ಅತಿ ಹತ್ತಿರದ್ದು ನಿಕೋಬಾರ್ ಪಾರಿವಾಳ. 1598ರಲ್ಲಿ ಡಚ್ಚರು ಆ ದ್ವೀಪಕ್ಕೆ ಇಳಿದರು. ಜನ ಬೇಟೆಯಾಡಿದರು, ಅವರೊಡನೆ ಬಂದ ಹಂದಿ, ಇಲಿಗಳು ನೆಲದ ಮೇಲಿನ ಮೊಟ್ಟೆ ತಿಂದವು. ಸುಮಾರು ನೂರು ವರ್ಷದೊಳಗೆ ಡೋಡೋ ಇಲ್ಲವಾಯಿತು. ನ್ಯೂಜಿಲೆಂಡಿನ ದೈತ್ಯ ಮೋಆಗಳೂ ಮನುಷ್ಯ ಕಾಲಿಟ್ಟ ಒಂದೆರಡು ಶತಮಾನಗಳಲ್ಲೇ ಅಳಿದವು.

ಹಾರಲು ಬಾರದ್ದರಿಂದ ಅಳಿದವು, ದಡ್ಡ ಹಕ್ಕಿಗಳು ಎಂದು ಯಾರಾದರೂ ಅಂದರೆ ನನಗೆ ನೋವಾಗುತ್ತದೆ. ಅವು ತಾವಿದ್ದ ನೆಲವನ್ನು ಸರಿಯಾಗಿಯೇ ಅರಿತು ಅದಕ್ಕೆ ತಕ್ಕಂತೆ ಬಾಳಿದ್ದವು. ಬದಲಾದದ್ದು ನೆಲ, ಬದಲಿಸಿದವರು ನಾವು. ಹಾಗೆಯೇ ಉಳಿಸುವುದೂ ನಮ್ಮ ಕೈಯಲ್ಲಿದೆ. 1898ರ ಬಳಿಕ ಅಳಿದೇಹೋಯಿತು ಎಂದುಕೊಂಡಿದ್ದ ಟಕಾಹೆಯನ್ನು 1948ರಲ್ಲಿ ಜೆಫ್ರಿ ಆರ್ಬೆಲ್ ಎಂಬ ವೈದ್ಯರು ಬೆಟ್ಟದ ಕಣಿವೆಯೊಂದರಲ್ಲಿ ಕಂಡರು. ಹೊರಗಿನಿಂದ ಬಂದ ಬೇಟೆ ಪ್ರಾಣಿಗಳನ್ನು ತಡೆದು, ಮರಿಗಳನ್ನು ಜೋಪಾನ ಮಾಡಿ ಇಂದು ಅವುಗಳ ಸಂಖ್ಯೆಯನ್ನು 400 ದಾಟಿಸಿದ್ದಾರೆ.

ನಮ್ಮ ಕೆರೆಗಳಲ್ಲೂ ಹಾರಲಾರದ ಹಕ್ಕಿಗಳಿರುತ್ತವೆ, ಕೆಲವು ವಾರಗಳ ಮಟ್ಟಿಗೆ. ಮರಿ ಮಾಡಿ ಮುಗಿಸಿದ ನಾಮದಕೋಳಿ, ಬಾತುಗಳು ಹಾರುವ ಗರಿಗಳನ್ನು ಒಟ್ಟಿಗೇ ಉದುರಿಸಿಬಿಡುತ್ತವೆ. ಹೊಸ ಗರಿ ಬಲಿಯುವ ತನಕ ಅವಕ್ಕೆ ನೀರು ಮತ್ತು ಜೊಂಡೇ ಆಸರೆ. ಕೆರೆ ಚಂದಗಾಣಿಸುವ ಹೆಸರಿನಲ್ಲಿ ದಂಡೆಯುದ್ದಕ್ಕೂ ಜೊಂಡು ಕಿತ್ತು ಕಲ್ಲು ಕಟ್ಟಿದರೆ, ಮಾರಿಷಸ್‌ನಲ್ಲಿ ನಡೆದದ್ದನ್ನೇ ನಾವು ನಮ್ಮ ಬಡಾವಣೆಯಲ್ಲಿ ಚಿಕ್ಕದಾಗಿ ನಡೆಸಿದಂತೆ. ಸಾರಕ್ಕಿಯಿರಲಿ, ಮಡಿವಾಳವಿರಲಿ, ಕೆರೆಯ ಕೆಲಸಕ್ಕೆ ಇಳಿಯುವವರು ಒಂದು ಬದಿಯ ಜೊಂಡನ್ನಾದರೂ ಮುಟ್ಟದೆ ಬಿಡಬೇಕು. ವಾಕಿಂಗ್ ಹೋಗುವ ನಾವು ನಾಯಿಯ ಹಗ್ಗವನ್ನು ಕೈಯಲ್ಲೇ ಹಿಡಿದಿರಬೇಕು.